ಕರೆಂಟು ಹೋದಾಗ ಬರುವವಳು

ಟೆರೇಸ್ ಇದ್ದಷ್ಟು ತಂತಿ ಚಾಚು ಅಂತ ಹಿರಿಯರು ಹೇಳಿದ್ದಾರೆ. ಹಾಸಿಗೆ, ಕಾಲು ಅಂತ ತಿದ್ದಲು ಬರಬೇಡಿ... ಅಂಥವರು ಬಾಗಲಗುಂಟೆಯ ಟೆರೇಸ್ ನೋಡಿಲ್ಲ. ಇದು ಮಾತ್ರ ನಡೆದ ಕಥೆ. ಸುಳ್ಳಾಗಿದ್ದರೆ ನಮ್ಮ ಬೀದಿಗೆ ಕಾವೇರಿ ನೀರೇ ಬರದಿರಲಿ!

"ರೀ! ತೆಗೀರಿ! ಕಂಬಳಿ ತೆಗೀರಿ!"

ಭುವನೇಶ್ವರಿ ಬೆಚ್ಚಿಬಿದ್ದಳು. ಕೆಳಮನೆಗೆ ಬಾಡಿಗೆಗೆ ಬಂದು ಎರಡು ದಿನವೂ ಆಗಿರಲಿಲ್ಲ. ಟೆರೇಸಿನ ಈ ತುದಿಯಿಂದ ಆ ತುದಿಗೆ ಬಿಗಿದಿದ್ದ ತಾಮ್ರದ ತಂತಿ ಕಂಡು, ಒದ್ದೆ ಕಂಬಳಿ ಹರವಿದ್ದಳು ಅಷ್ಟೇ.

"ಯಾಕ್ರಿ ಹಂಗ ಒದರತೀರಿ? ಬಟ್ಟಿ ಒಣಹಾಕೂದು ತಪ್ಪೇನು?"

"ಅದು ಬಟ್ಟೆ ತಂತಿ ಅಲ್ಲ ಕಣ್ರೀ... ಏರಿಯಲ್ಲು!"

ಟೆರೇಸ್ ರೂಮಿನ ಸಿದ್ಧಾರ್ಥ್. ಪೀಣ್ಯದಲ್ಲಿ ಮೋಟರ್ ರಿಪೇರಿ ಕೆಲಸ. ಅವನ ಕಣ್ಣಲ್ಲಿ ಕೋಪಕ್ಕಿಂತ ಸಂಕಟವೇ ಹೆಚ್ಚಿತ್ತು. ಆ ಕಣ್ಣನ್ನು ನೋಡಬಾರದಿತ್ತು... ನೋಡಿಬಿಟ್ಟಳು!

ಮರುದಿನ ತಂತಿಯ ಪಕ್ಕದಲ್ಲೇ ಹೊಸ ನೈಲಾನ್ ಹಗ್ಗ ಕಟ್ಟಿತ್ತು. ಅದರ ಮೇಲೆ ಸಾಲಾಗಿ ಬಣ್ಣಬಣ್ಣದ ಕ್ಲಿಪ್ಪುಗಳು. ಮಾತಿಲ್ಲ, ಕತೆಯಿಲ್ಲ. ಭುವನೇಶ್ವರಿಯ ಬಟ್ಟೆಗಳು ಆಮೇಲೆ ಒಣಗಿದರೂ ಒಣಗದಂತಾದವು. ದಿನಾ ಮೇಲೆ ಹೋಗಬೇಕಲ್ಲ!

ತನ್ನ ಗಾರ್ಮೆಂಟ್ಸ್ ಸೂಪರ್‌ವೈಸರ್ ಮೂಗಿನಲ್ಲಿ ಬೈಯುವುದನ್ನು ಅವಳು ಥೇಟ್ ಹಾಗೇ ಮಾಡಿ ತೋರಿಸುತ್ತಿದ್ದಳು. ಅವನು ನಗುತ್ತಾ ನಗುತ್ತಾ ಗೋಡೆಗೆ ಒರಗಿಬಿಡುತ್ತಿದ್ದ.

ಒಂದು ಸಂಜೆ ಕರೆಂಟು ಹೋಯಿತು. ಊರೆಲ್ಲ ಬೈದುಕೊಂಡಿತು. ಅವಳು ಬಟ್ಟೆ ತರಲು ಮೇಲೆ ಹೋದಳು. ಅವನ ಮುಚ್ಚಿದ ಬಾಗಿಲ ಹಿಂದೆ... ಹೆಣ್ಣಿನ ದನಿ! ಮೆಲ್ಲಗೆ, ಜೇನಿನಂತೆ. ಹಿಂದೆಯೇ ಸಿದ್ಧಾರ್ಥನ ಪಿಸುಮಾತು:

"ಹೋಗ್ಬೇಡ... ಇನ್ನೊಂಚೂರು... ಹೋಗ್ಬೇಡ..."

ಅವಳು ಬಟ್ಟೆ ಅಲ್ಲೇ ಬಿಟ್ಟು ಕೆಳಗಿಳಿದಳು.

ಆಮೇಲೆ ಕರೆಂಟು ಹೋದಾಗಲೆಲ್ಲ ಅದೇ ದನಿ. ಕರೆಂಟು ಬಂದರೆ ಮಾಯ! ಕತ್ತಲಾಗೋದನ್ನೇ ಕಾಯ್ಕೊಂಡು ಬರತಾಳಲ್ಲ, ಎಂಥಾಕಿ ಇರಬೇಕು!

ಅವಳು ನೇರವಾಗಿ ಮನೆ ಒಡತಿ ನಾಗಲಕ್ಷ್ಮಮ್ಮನ ಮುಂದೆ ನಿಂತಳು. "ಭಾನುವಾರ ಮನಿ ಖಾಲಿ ಮಾಡ್ತೀನ್ರಿ. ಊರಿನ ಆ ತುದಿ, ಕಾಡುಗೋಡಿಗೆ ಹೋಗ್ತೀನಿ."

"ಅಯ್ಯೋ, ಇಂಗ್ಯಾಕವ್ವಾ? ಹೊಸ ಟ್ಯಾಂಕ್ ತರ್ಸಿವ್ನಿ, ನೀರು ಬತ್ತದೆ!"

ನೀರಿನ ವಿಷಯ ಅಲ್ಲ ಅಂತ ಹೇಳುವುದು ಹೇಗೆ?

ಶುಕ್ರವಾರ ಸಂಜೆ ಮತ್ತೆ ಕತ್ತಲು, ಮತ್ತೆ ಆ ದನಿ. ಇನ್ನು ತಡೆಯಲಾಗಲಿಲ್ಲ. ಬಾಗಿಲು ತಳ್ಳಿಯೇಬಿಟ್ಟಳು!

ಒಳಗೆ ಸಿದ್ಧಾರ್ಥ್ ಒಬ್ಬನೇ. ಮಡಿಲಲ್ಲಿ ಅಂಗೈಯಗಲದ ರೇಡಿಯೋ. ಆ ದನಿ ಅದರದೇ!

"ಯಾರಾಕಿ?"

"ಗೊತ್ತಿಲ್ಲ."

"ಹೆಸರು ಗೊತ್ತಿಲ್ದಾಕಿಗೆ ಹೋಗಬೇಡ ಅಂತೀರೇನು?!"

ಅವನು ರೇಡಿಯೋ ಅವಳ ಕೈಗಿಟ್ಟ. "ಶಾರ್ಟ್‌ವೇವ್ ರೀ. ಸಮುದ್ರದಾಚೆ ಯಾವುದೋ ದೇಶದಿಂದ ಬರ್ತಿದೆ. ಆಕಾಶದ ಮೇಲಿನ ಪದರಕ್ಕೆ ತಾಗಿ, ನೆಲಕ್ಕಿಳಿದು, ಮತ್ತೆ ಹಾರಿ... ದನಿ ಮಸುಕಾದಾಗ ಹೋಗ್ಬೇಡ ಅಂತೀನಿ. ಹುಚ್ಚು!"

"ಕರೆಂಟ್ ಹೋದಾಗಷ್ಟ ಯಾಕ?"

"ಪೀಣ್ಯದ ಫ್ಯಾಕ್ಟರಿಗಳ ಅಷ್ಟೂ ಮೋಟರ್‌ಗಳ ಗೊರಗೊರ ಇದರೊಳಗೆ ನುಗ್ಗುತ್ತೆ. ಕರೆಂಟ್ ಹೋದ್ರೆ ಎಲ್ಲಾ ಬಾಯಿ ಮುಚ್ಕೊಳ್ಳುತ್ತೆ. ಆಗ ಆಕಾಶ ಕೇಳಿಸುತ್ತೆ."

ಭುವನೇಶ್ವರಿ ಉಸಿರು ಬಿಗಿಹಿಡಿದಳು. ದನಿ ಅಲೆಯಂತೆ ಉಬ್ಬುತ್ತಿತ್ತು, ಇಳಿಯುತ್ತಿತ್ತು. ಮುಖ ಕಾಣದ, ಭಾಷೆ ತಿಳಿಯದ ಹೆಂಗಸು ಕಡಲು ದಾಟಿ, ಮುಗಿಲು ಮುಟ್ಟಿ, ಇವಳ ಅಂಗೈಯಲ್ಲಿ ಮಾತಾಡುತ್ತಿದ್ದಳು!

"ಇಷ್ಟೆಲ್ಲಾ ದಾಟಿ... ನಮ್ಮ ಟೆರೇಸಿಗಾ?"

"ನೀವು ಕಂಬಳಿ ಹಾಕಿದ್ರಲ್ಲ, ಅದೇ ತಂತಿಗೆ."

ಅವಳು ರೇಡಿಯೋವನ್ನು ಕಿವಿಗೆ ಒತ್ತಿಕೊಂಡಳು. ಅಷ್ಟರಲ್ಲಿ ಕರೆಂಟು ಬಂತು. ಗೊರ್ರೋ ಎಂಬ ಸದ್ದು ಆ ದನಿಯನ್ನು ನುಂಗಿಬಿಟ್ಟಿತು.

"ಕಾಡುಗೋಡಿಗೆ ಹೋಗ್ತಿದೀರಂತೆ..." ಎಂದ ಅವನು. ಮುಂದೆ ತುಟಿ ಅಲುಗಿತೇ ಹೊರತು ಮಾತು ಬರಲಿಲ್ಲ.

ಗುರುತಿಲ್ಲದಾಕಿಗೆ ಹೋಗಬೇಡ ಅಂತಾನ, ನನಗ ಅನ್ನಾಕ ಏನಾಗ್ಯದ ಇವಂಗ? ಅವನು ಹೋಗಬೇಡ ಅಂದರೆ ಉಳಿಯುವುದು, ಇಲ್ಲವಾದರೆ ಭಾನುವಾರದ ಟೆಂಪೋ! ನಿರ್ಧರಿಸಿಬಿಟ್ಟಳು.

ಶನಿವಾರ ಸಂಜೆ, ಟೆರೇಸಿನಲ್ಲಿ ಅವನ ಕಿಟಕಿಯ ಕೆಳಗೆ ಅಡ್ಡ ಮಲಗಿಸಿದ್ದ ಹೊಸ ಟ್ಯಾಂಕಿನೊಳಗೆ ತೂರಿ ಕುಳಿತಳು. ಕರೆಂಟು ಹೋದದ್ದೇ ತಡ, ಗಂಟಲು ಸರಿಮಾಡಿಕೊಂಡಳು.

"ಸುಂಯ್ಯ್... ಕೊರ್ರ್... ಸಮುದ್ರದಾಚೆಯಿಂದ ಮಾತಾಡುತ್ತಿದ್ದೇವೆ. ಬಾಗಲಗುಂಟೆಯ ಶ್ರೋತೃ ಸಿದ್ಧಾರ್ಥ್ ಅವರೇ, ನಿಮ್ಮ ಕೆಳಮನೆಯ ಹುಡುಗಿ ನಾಳೆ ಹೊರಡುತ್ತಾಳೆ. ಆಕೆಯನ್ನು ತಡೆಯುವವರು ಯಾರೂ ಇಲ್ಲ... ಕೊರ್ರ್... ವಾರ್ತೆಗಳು ಮುಗಿದವು."

ಉಬ್ಬು, ಇಳಿತ, ಸಿಳ್ಳೆ... ಎಲ್ಲ ಥೇಟ್!

ಕಿಟಕಿಯಿಂದ ಉತ್ತರವಿಲ್ಲ. ಅವಳ ಕಣ್ಣು ತುಂಬಿತು.

ಆಗ ಟ್ಯಾಂಕಿನ ಬಾಯಲ್ಲೇ, ತೀರಾ ಹತ್ತಿರದಲ್ಲಿ, ಅದೇ ಪಿಸುಮಾತು.

"ಹೋಗ್ಬೇಡ... ಭುವನಾ... ಹೋಗ್ಬೇಡ."

ಬಗ್ಗಿ ನಿಂತಿದ್ದ ಸಿದ್ಧಾರ್ಥ್. ಕಣ್ಣು ಒದ್ದೆ, ತುಟಿಯಲ್ಲಿ ತುಂಟನಗೆ.

"ರೇಡಿಯೋನೇ ಅನ್ಕೊಂಡ್ರಾ?" ಅಂದಳು, ಗೆದ್ದ ಹೆಮ್ಮೆಯಲ್ಲಿ.

ಅವನು ಅಂಗೈ ಬಿಚ್ಚಿದ. ಎರಡು ಹೊಸ ಬ್ಯಾಟರಿ!

"ರೇಡಿಯೋ ಮಧ್ಯಾಹ್ನವೇ ಸತ್ತಿತ್ತು. ಇವನ್ನ ತರೋಕೆ ಅಂಗಡಿಗೆ ಹೋಗಿದ್ದೆ. ಬಂದು ನೋಡಿದ್ರೆ ಟ್ಯಾಂಕ್‌ನಿಂದ ಸೆರಗು ಇಣುಕ್ತಿತ್ತು. ಸುಮ್ನೆ ಪಕ್ಕದಲ್ಲೇ ಕೂತು ಪೂರ್ತಿ ವಾರ್ತೆ ಕೇಳ್ದೆ!"

"ಅಂದ್ರ... ಖಾಲಿ ರೂಮಿಗೆ ಹೇಳಿದ್ನೇನು ನಾನು?!"

ಅವಳಿಗೆ ನಗು ಉಕ್ಕಿತು. ಅವನೂ ನಕ್ಕ. ಆದರೆ ಅವಳದು ಟ್ಯಾಂಕಿನೊಳಗಿನ ನಗು, ಒಂದು ನೂರಾಗಿ ಮೊಳಗಿತು!

"ಯಾರ್ಲಾ ಅದು, ನನ್ನ ಹೊಸಾ ಟ್ಯಾಂಕ್ನಾಗೆ?" ಕೆಳಗಿಂದ ನಾಗಲಕ್ಷ್ಮಮ್ಮ.

ಸಿದ್ಧಾರ್ಥ್ ಕೈ ಚಾಚಿದ. ಅವಳು ಹಿಡಿದಳು.

"ನಾನು ಹೇಳಿದ್ದು ಕೇಳಿಸ್ತಾ?" ಎಂದ ಮೆಲ್ಲಗೆ.

"ಸ್ವಚ್ಛ ಕೇಳ್ತು. ಒಂದು ಚೂರೂ ಗೊರಗೊರ ಇರಲಿಲ್ಲ..."

ಎಂದವಳಿಗೆ ಮತ್ತೆ ಖಾಲಿ ರೂಮು ನೆನಪಾಯಿತು. ಈ ಸಲದ ನಗು ಸಮುದ್ರದಾಚೆಗೂ ಕೇಳಿಸಿರಬೇಕು!