ನೆರಳಿಲ್ಲದ ಹುಡುಗಿಯ ಮಾತು

ಬಲು ಹಿಂದೆ, ಏಳು ಕರಿಬೆಟ್ಟಗಳ ನಡುವೆ ಕಾರಗಿರಿ ಎಂಬ ರಾಜ್ಯವಿತ್ತು. ಅದನ್ನು ಆಳುತ್ತಿದ್ದವನು ಜಕ್ಕರಸನೆಂಬ ಎಳೆಯ ಅರಸ. ಅವನ ಓಲಗದಲ್ಲಿ ಒಂದು ನ್ಯಾಯಪೀಠವಿತ್ತು. ಅದರಲ್ಲಿ ಕೂತು ತಪ್ಪು ತೀರ್ಪು ಕೊಟ್ಟವರು ಕೂತಲ್ಲೇ ಕಲ್ಲಾಗುತ್ತಿದ್ದರು. ಜಕ್ಕರಸನ ಅಜ್ಜ ನಿರಪರಾಧಿಯೊಬ್ಬನನ್ನು ಶೂಲಕ್ಕೇರಿಸಿ ಕಲ್ಲಾಗಿದ್ದ. ಆ ಕಲ್ಲು ಇನ್ನೂ ಪೀಠದ ಪಕ್ಕದಲ್ಲೇ ಇತ್ತು.

ಆ ರಾಜ್ಯದಲ್ಲಿ ಮಕ್ಕಳ ನೆರಳು ಕಳುವಾಗತೊಡಗಿತು. ನೆರಳು ಹೋದ ಮಗು ಉಣ್ಣದು, ನಗದು, ಬಿಸಿಲಲ್ಲೂ ನಡುಗುತ್ತ ಕಡೆಗೆ ದೀಪದಂತೆ ಆರಿಹೋಗುತ್ತಿತ್ತು. ಹನ್ನೊಂದು ಮಕ್ಕಳು ಹಾಗೇ ಹೋದವು. ನೆರಳು ಹೋಗಿಯೂ ಉಳಿದವಳು ಒಬ್ಬಳೇ, ಕುಂಬಾರಗೇರಿಯ ಏಳು ವರ್ಷದ ಸೋವಿ. ಅವಳ ತಾಯಿ ಮಾಳವ್ವ ಮಗಳನ್ನು ಮಡಕೆ ಸುಡುವ ಆವಿಗೆಯ ಬಿಸುಪಿನಲ್ಲಿ ಮಲಗಿಸಿ ಅವಳ ಜೀವ ಹಿಡಿದಿಟ್ಟಿದ್ದಳು.

"ನೆರಳು ಕದ್ದವನು ಮಾಂತ್ರಿಕ ಕರಾಳಕೇತು" ಎಂದಳು ಸೋವಿ. ಊರ ಪಂಚರು ಅವಳ ಮಾತು ನಂಬಿ ಅವನಿಗೆ ಸಾಯುವ ತನಕ ಸೆರೆ ವಿಧಿಸಿದರು. ಅವನು ಅರಸನಿಗೆ ಮೇಲ್ಮನವಿ ಸಲ್ಲಿಸಿದ. ಅದು ಪೀಠದ ಮುಂದೆ ಬರುವಷ್ಟರಲ್ಲಿ ಎರಡು ವರ್ಷ ಕಳೆದಿತ್ತು.

"ಪ್ರಭು, ನಿಮ್ಮಜ್ಜನವರೂ ಕಣ್ಣೀರು ನಂಬಿಯೇ ಕಲ್ಲಾದರು" ಎಂದ ಕರಾಳಕೇತು, ಬಲು ವಿನಯದಿಂದ. "ನೆರಳು ಹೋದದ್ದು ಸಂತೆಯ ದಿನ ಎಂದು ಈ ಹುಡುಗಿ ಪಂಚರೆದುರು ಹೇಳಿದಳು. ಇಲ್ಲಿ ಹಬ್ಬದ ದಿನ ಎನ್ನುತ್ತಾಳೆ."

ಅವನ ಕಣ್ಣು ಮಗುವಿನ ಮೇಲೆ ಬೀಳದಂತೆ ಜಕ್ಕರಸ ಪರದೆ ಕಟ್ಟಿಸಿದ. ತಾನು ಇಳಿದು ನೆಲದ ಮೇಲೆ ಕೂತ.

"ದಿನ ಬಿಡು ಮಗಳೇ. ಏನು ಕಂಡೆ?"

"ಅವನ ಗವಿ ಬಾಗಿಲು ಗಿಡ್ಡ ಇತ್ತು. ತಲೆ ಬಡೀತು. ನನ್ನ ನೆರಳನ್ನ ಒದ್ದೆ ಬಟ್ಟೆ ತರ ಮಡಚಿ ಮಡಕೇಲಿ ಇಟ್ಟ. ಮಡಕೆ ಕಂಠ ಸೊಟ್ಟ ಇತ್ತು."

ಪಂಚರು ಅವಳ ಮಾತು ಬರೆಸಿದ್ದ ಓಲೆಯನ್ನು ಜಕ್ಕರಸ ಬಿಚ್ಚಿ ನೋಡಿದ. ಅಲ್ಲೂ ಗಿಡ್ಡ ಬಾಗಿಲು, ಅಲ್ಲೂ ಸೊಟ್ಟ ಕಂಠ.

"ದಿನ ಬದಲಾಗಿದೆ. ಕಂಡದ್ದು ಬದಲಾಗಿಲ್ಲ" ಎಂದ.

"ಹಾಗಾದರೆ ತಾಯಿ ಕಲಿಸಿದ ಪಾಠ!" ಎಂದ ಕರಾಳಕೇತು.

ಓಲಗದಲ್ಲೊಂದು ಮಾಯದ ಗಿಣಿಯಿತ್ತು. ಯಾರಾದರೂ ಕಲಿತ ಮಾತು ಒಪ್ಪಿಸಿದರೆ ಮುಂದಿನ ಮಾತನ್ನು ಅದೇ ಹೇಳಿಬಿಡುತ್ತಿತ್ತು. ಜಕ್ಕರಸ ಮಾಳವ್ವನನ್ನು ಹೊರಗೆ ಕಳಿಸಿ, ಮಗುವನ್ನು ಕತೆಯ ನಡುವಿನಿಂದ ಕೇಳಿದ, ತುದಿಯಿಂದ ಕೇಳಿದ. ಗಿಣಿ ಕತ್ತು ಓರೆ ಮಾಡಿ ಸುಮ್ಮನೆ ಕೂತಿತ್ತು.

ಕರಾಳಕೇತುವಿನ ದನಿ ಗಡುಸಾಯಿತು. "ನೆರಳು ಹೋದ ಮೇಲೆ ಮೂರು ತಿಂಗಳು ಇವಳು ಬಾಯಿ ಬಿಡಲಿಲ್ಲ ಏಕೆ? ಬೇರೆ ಸಾಕ್ಷಿ ಎಲ್ಲಿ?"

ಪರದೆಯ ಹಿಂದಿನಿಂದ ಸಣ್ಣ ದನಿ ಬಂತು. "ಹೇಳಿದ್ರೆ ಅವ್ವನ ನೆರಳೂ ತಗೋತೀನಿ ಅಂದಿದ್ದ."

ಜಕ್ಕರಸನ ಎದೆ ಮಗುವಿನ ಕಡೆಗೇ ವಾಲಿತು. ಆದರೆ ಪಕ್ಕದಲ್ಲಿ ಅಜ್ಜನ ಕಲ್ಲು. ಮರುಕ ಬೇರೆ, ನ್ಯಾಯ ಬೇರೆ. ಅವನು ಎದ್ದು ಮಾಂತ್ರಿಕನ ಗವಿಗೆ ಹೊರಟ.

ಗವಿಯನ್ನು ಕಂಚಿನ ಹಲ್ಲಿನ ತೋಳ ಕಾಯುತ್ತಿತ್ತು. ಬಂದವರ ನೆರಳು ಕಚ್ಚಿ ಕೊಲ್ಲುತ್ತಿತ್ತು. ಅದಕ್ಕೇ ಪಂಚರ ಆಳುಗಳು ಒಳಹೊಕ್ಕಿರಲಿಲ್ಲ. ಜಕ್ಕರಸ ನಡುಹಗಲಿಗೆ ಕಾದ. ನೆರಳು ಅಂಗಾಲಿನಡಿ ಅಡಗಿದಾಗ ನಡೆದುಹೋದ. ತೋಳ ಮೂಸಿ ಮೂಸಿ ಬಿಟ್ಟಿತು. ಬಗ್ಗಿ ನುಗ್ಗಿದರೂ ಗಿಡ್ಡ ಬಾಗಿಲಿಗೆ ಅವನ ಹಣೆ ಬಡಿಯಿತು. ಒಳಗೆ ಹನ್ನೆರಡು ಮಡಕೆಗಳಿದ್ದವು. ಒಂದರ ಕಂಠ ಸೊಟ್ಟಗಿತ್ತು.

ಮಡಕೆಗಳನ್ನು ಓಲಗದಲ್ಲಿ ಇಳಿಸಿ ಜಕ್ಕರಸ ಪೀಠವೇರಿದ.

"ಪಂಚರ ತೀರ್ಪು ನಿಲ್ಲುತ್ತದೆ. ಇವು ಸಿಗದಿದ್ದರೂ ನಿಲ್ಲಬೇಕಿತ್ತು. ಸಾಕ್ಷಿಯನ್ನು ಎಣಿಸುವುದಲ್ಲ, ತೂಗುವುದು. ನಾನು ತೂಗಲು ಹೆದರಿದೆ."

ಹೇಳಿ, ಕಣ್ಣು ಮುಚ್ಚಿ ಕಾದ. ಕಾಲು ಕಲ್ಲಾಗಲಿಲ್ಲ. ಕರಾಳಕೇತುವಿನ ಮಾಯೆ ಇಳಿದುಹೋಗಿ, ಅವನೊಬ್ಬ ಒಣಗಿದ ಮುದುಕನಾಗಿ ಸೆರೆಗೆ ಮರಳಿದ.

ಹನ್ನೊಂದು ತಾಯಂದಿರು ಹನ್ನೊಂದು ಮಡಕೆಗಳನ್ನು ಮಡಿಲಿಗಿಟ್ಟುಕೊಂಡು ಮನೆಗೆ ಹೋದರು. ಸೋವಿಯ ನೆರಳು ಮಾತ್ರ ಹೊರಬಂದು ಅವಳ ಕಾಲಿಗೆ ಅಂಟಿತು. ಆದರೆ ಅವಳು ಬೆಳೆದಿದ್ದಳು, ನೆರಳು ಬೆಳೆದಿರಲಿಲ್ಲ.

"ಇದು ಬೆಳೀತದಾ, ಬುದ್ಧೀ?" ಎಂದಳು ಮಾಳವ್ವ.

"ಗೊತ್ತಿಲ್ಲ ತಾಯಿ. ತಡ ಮಾಡಿದೆವು."

ನೆರಳು ಅವಳಷ್ಟಾಗಲು ಮೂರು ಬೇಸಿಗೆ ಹಿಡಿಯಿತು. ಆ ದಿನ ಮಾಳವ್ವ ಕೇರಿಗೆಲ್ಲ ಹೋಳಿಗೆ ಬಡಿಸಿದಳು. ಆ ಹನ್ನೊಂದು ತಾಯಂದಿರೂ ಬಂದರು. ಸೋವಿಯನ್ನು ಒಬ್ಬೊಬ್ಬರಾಗಿ ತಬ್ಬಿಕೊಂಡರು, ಅತ್ತರು, ಉಂಡರು. ಕಾರಗಿರಿಯಲ್ಲಿ ಮಕ್ಕಳ ನೆರಳಿಗೆ ಮತ್ತೆ ಯಾರೂ ಕೈಹಚ್ಚಲಿಲ್ಲ. ಉಳಿದವರು ಸುಖವಾಗಿದ್ದರು.