ನೀಲಿ ಬಣ್ಣದ ಕೆಳಗಿನ ನಂಬರು

ಭಾಲ್ಕಿ ಬಸ್ ಸ್ಟ್ಯಾಂಡ್ ಎದುರಿನ ಮುನ್ನಿಬೀಯ ಹೋಟೆಲಿನಲ್ಲಿ ವಿಶಾಖಾ ಚಹಾದ ಕಪ್ಪು ಬಾಯಿಗಿಟ್ಟಿದ್ದಳಷ್ಟೆ, ಕರೆಂಟು ಹೋಯಿತು. ತಲೆಯ ಮೇಲಿನ ಫ್ಯಾನು ನಿಧಾನವಾಗುತ್ತಾ ಬಂತು. ರೆಕ್ಕೆಗಳ ಮೇಲೆ ಅಕ್ಷರ ಮೂಡಿದವು. ಒಂದರಲ್ಲಿ ‘ದಿವಂಗತ’, ಇನ್ನೊಂದರಲ್ಲಿ ‘ಕಾಶೀರಾಮ’, ಮೂರನೆಯದರಲ್ಲಿ ‘ಸ್ಮರಣಾರ್ಥ’.

ಅವಳ ಅಪ್ಪನ ಹೆಸರು! ಜಾಗ ಸಾಲದೆ ಪೇಂಟರು ಕೊನೆಯ ‘ಮ’ವನ್ನು ಅಂಚಿಗೆ ಒತ್ತಿ ಬರೆದದ್ದಕ್ಕೆ ಅವಳು ಅವನೊಡನೆ ಜಗಳವಾಡಿದ್ದಳು. ಆ ‘ಮ’ ಇಲ್ಲೂ ಹಾಗೆಯೇ ಮುದುಡಿ ಕೂತಿತ್ತು.

ಈ ಫ್ಯಾನು ಔರಾದಿನ ಬುದ್ಧವಿಹಾರದಲ್ಲಿ ಇರಬೇಕಿತ್ತು. ಅಪ್ಪ ತೀರಿದ ವರ್ಷ ಅವಳೇ ದಾನ ಕೊಟ್ಟದ್ದು. ಮೊನ್ನೆ ಭಾನುವಾರವೂ ಅವ್ವ ಜಿಜಾಬಾಯಿ ಅದರ ಕೆಳಗೆ ಕೂತು ವಂದನೆ ಹೇಳಿ ಬಂದಿದ್ದಳು.

“ಖಾಲಾ, ಈ ಫ್ಯಾನ್ ಎಲ್ಲಿಂದ ತಂದೀರಿ?”

“ಬೀದರದಾಗ ಅಯ್ಯುಬನ ಗುಜರಿ ಅಂಗಡಿದಾಗ ಸಿಕ್ತು ಬೇಟಿ. ಮೋಟರ್ ಸುಟ್ಟಿತ್ತು, ವೈಂಡಿಂಗ್ ಮಾಡಸೇನಿ. ಯಾರದೋ ಹೆಸರು ಅದ, ಪಾಪ. ಅಳಸ್ಲಾಕ ಮನಸ್ಸು ಬರ್ಲಿಲ್ಲ.”

ವಿಶಾಖಾ ಫೋನಿನಲ್ಲಿ ಒಂದು ಫೋಟೊ ತೆಗೆದುಕೊಂಡಳು. ಔರಾದಿಗೆ ಮರಳಬೇಕಿದ್ದವಳು ಬೀದರಿನ ಬಸ್ಸು ಹತ್ತಿದಳು.

ಸುಶೀಲಕುಮಾರ ಅವಳಿಗೆ ಸಿಕ್ಕಿದ್ದೇ ಈ ಫ್ಯಾನಿನಿಂದ. ಎರಡು ವರ್ಷದ ವಾರಂಟಿ ಇದ್ದ ಫ್ಯಾನು ಎಂಟೇ ತಿಂಗಳಿಗೆ ನಿಂತಾಗ, ಬಿಲ್ಲು ಪಿನ್ ಮಾಡಿದ ಕಾರ್ಡು ಹಿಡಿದು, ದವಾಖಾನೆಯ ನರ್ಸಿನ ಉಡುಪಿನಲ್ಲೇ ಬೀದರಿನ ಅಂಗಡಿಗೆ ಹೋಗಿದ್ದಳು. ಅಲ್ಲಿನ ರಿಪೇರಿ ಕೆಲಸವೆಲ್ಲ ಅವನದೇ.

“ಬಿಲ್ ಅದ, ಅಂಗಡಿ ಸೀಲ್ ಅದ, ತಾರೀಖ್ ಅದ,” ಎಂದು ಬೆರಳಿಟ್ಟು ತೋರಿಸಿದ್ದ. “ಫ್ಯಾನಿನ ಮ್ಯಾಲಿನ ನಂಬರ್ ಈ ಕಾರ್ಡಿನ ನಂಬರಿಗೆ ಕೂಡಿದ್ರ ಮುಗೀತ್ರಿ, ಸಿಸ್ಟರ್.”

“ಸಿಸ್ಟರ್ ದವಾಖಾನ್ಯಾಗ. ಹೊರಗ ವಿಶಾಖಾ.”

ಅವನು ನಕ್ಕು ಮತ್ತೆ ಕಾರ್ಡು ನೋಡಿದ. ನಾಲ್ಕು ಸಾಲು ಓದಲು ಯಾರಿಗೂ ಅಷ್ಟು ಹೊತ್ತು ಬೇಕಾಗುವುದಿಲ್ಲ.

ವಿಹಾರಕ್ಕೆ ಬಂದು ಏಣಿ ಹತ್ತಿದ ದಿನ ಮೇಲಿಂದ, “ಗಟ್ಟಿ ಹಿಡೀರಿ,” ಎಂದಿದ್ದ. “ಏಣೀನೋ, ನಿಮ್ಮನ್ನೋ?” ಎಂದಿದ್ದಳು ಇವಳು. ಮೇಲಿಂದ ಸ್ಕ್ರೂ ಡ್ರೈವರು ಟಣ್ಣನೆ ಕೆಳಗೆ ಬಿತ್ತು. ಅವನ ಕಿವಿ ಕೆಂಪಗಾಗಿದ್ದನ್ನು ಅವಳು ಕಣ್ತುಂಬ ನೋಡಿದಳು.

ಹದಿನೈದು ದಿನಕ್ಕೆ ಫ್ಯಾನು ಮರಳಿ ಬಂತು. “ಕಂಪನಿಯವ್ರು ಒಪ್ಪಿದ್ರು. ಹೊಸ ಮೋಟರ್ ಹಾಕ್ಯಾರ. ಹೆಸರು ಮಾಸಿತ್ತು, ನಾನೇ ಮತ್ತ ಬರಸೇನಿ,” ಎಂದ. ಈ ಸಲ ‘ಮ’ ದುಂಡಗಿತ್ತು. ತನ್ನ ಅಪ್ಪನ ಹೆಸರಿನ ಬಗ್ಗೆ ಇಷ್ಟು ಕಾಳಜಿ ಇರುವವನ ಮೇಲೆ ಪ್ರೀತಿ ಹುಟ್ಟದೆ ಇನ್ನೇನಾದೀತು? ಬರುವ ಭಾನುವಾರ ಅವನು ಮನೆಗೆ ಬಂದು ಅವ್ವನ ಹತ್ತಿರ ಮದುವೆ ಮಾತೆತ್ತುವವನಿದ್ದ.

ಬೀದರಿನಲ್ಲಿ ಬಸ್ಸಿಳಿದು ಬಂದಾಗ, ಚೌಬಾರಾ ಗೋಪುರದ ಹತ್ತಿರದ ಅಂಗಡಿಯಲ್ಲಿ ಸುಶೀಲಕುಮಾರ ಒಬ್ಬನೇ ಕೂತು ಮಿಕ್ಸರ್ ಬಿಚ್ಚುತ್ತಿದ್ದ. ಅವಳನ್ನು ಕಂಡು ಮುಖ ಅರಳಿತು.

“ಭಾನುವಾರದ ತನಕ ತಡೀಲಿಕ್ಕ ಆಗ್ಲಿಲ್ಲೇನ್ರಿ?”

ಅವಳು ಫೋನು ಅವನ ಮುಂದೆ ಹಿಡಿದಳು. ಅರಳಿದ ಮುಖ ಬಾಡಲು ಎಷ್ಟು ಹೊತ್ತು? ಅವನ ಕೈಯಲ್ಲಿದ್ದ ಬೋಲ್ಟು ಮೇಜಿನ ಮೇಲೆ ಬಿತ್ತು.

“ಕೂಡ್ರಿ, ಹೇಳ್ತೇನಿ.”

“ನಿಂತೇ ಕೇಳ್ತೇನಿ. ಹೇಳ್ರಿ.”

ವಿಹಾರಕ್ಕೆ ಒಪ್ಪಲೆಂದು ಪೇಂಟರು ಮೋಟಾರಿಗೂ ನೀಲಿ ಬಣ್ಣ ಬಳಿದಿದ್ದ. ನಂಬರಿನ ಸ್ಟಿಕರು ಅದರ ಕೆಳಗೆ ಮುಚ್ಚಿಹೋಗಿತ್ತು. ಸುಶೀಲಕುಮಾರ ಥಿನ್ನರ್ ಹಾಕಿ ಉಜ್ಜಿದ. ಬಣ್ಣದ ಜೊತೆಗೆ ನಂಬರೂ ಅಳಿಸಿಹೋಯಿತು. ನಂಬರಿಲ್ಲದ ಫ್ಯಾನಿಗೆ ವಾರಂಟಿ ಇಲ್ಲವೆಂದು ಕಂಪನಿಯವರು ವಾಪಸ್ ಕಳಿಸಿದರು.

“ಹಂಗಂತ ನನಗ ಹೇಳಿದ್ರ ಆಗ್ತಿತ್ತಲ್ರಿ.”

“ಹ್ಯಾಂಗ ಹೇಳ್ಲಿ? ಆ ಕಾರ್ಡ್ ಅಪ್ಪನ ಫೋಟೊದ ಹಿಂದ ಇಟ್ಟೇನಿ ಅಂದಿದ್ರಿ. ವಾರಂಟಿ ಸಿಗಲಿಲ್ಲ ಅಂತ ಹೇಳಿದ್ರ ನಿಮ್ಮ ಮಾರಿ ಸಣ್ಣದಾಗ್ತಿತ್ತು. ಅದಕ್ಕ ಅಂಥದೇ ಇನ್ನೊಂದ್ ಫ್ಯಾನ್ ತಂದು ಹೆಸರು ಬರಸಿದೆ.”

“ಮತ್ತ ಇದು?”

ಅವನು ತಲೆ ತಗ್ಗಿಸಿದ. “ನಿಮ್ಮ ಕಣ್ಣಿಗಿ ಬಿದ್ದೀತಂತ ಗುಜರಿಗಿ ಹಾಕಿದೆ.”

ವಿಶಾಖಾ ದನಿ ಏರಿಸಿದಳು. “ನನ್ನ ಅಪ್ಪನ ಹೆಸರು ಗುಜರಿಗಿ ಹಾಕಿದ್ರಿ! ಮುನ್ನಿಬೀ ಅದಕ್ಕ ವೈಂಡಿಂಗ್ ಮಾಡ್ಸಿ ಓಡಸ್ಲಾಕತ್ಯಾಳ. ನನಗ ಹೇಳಿದ್ರ ನಾನೂ ಅದನ್ನೇ ಮಾಡಸ್ತಿದ್ದೆ. ಅವ್ವ ವಾರಾವಾರ ಆ ಸುಳ್ಳಿನ ಕೆಳಗ ಕುಂತು ಕೈ ಮುಗೀತಾಳ, ಗೊತ್ತದಿಲ್ರಿ?”

“ತಪ್ಪಾಯ್ತು ವಿಶಾಖಾ. ನಿಮ್ಮ ಮ್ಯಾಲಿನ ಪ್ರೀತಿಗೇ ಮಾಡೇನಿ. ಖರೇನೇ.”

ಅದು ಖರೆ ಎಂದು ಅವಳಿಗೂ ಗೊತ್ತಿತ್ತು. ಕಣ್ಣು ತುಂಬಿಕೊಂಡು ನಿಂತವನನ್ನು ನೋಡಿ ಅವಳ ಸಿಟ್ಟು ಅರ್ಧ ಇಳಿಯಿತು. ಅಪ್ಪಿಕೊಂಡು ಅಳಬೇಕೆನಿಸಿತು. ಈ ಮನುಷ್ಯನನ್ನು ಬಿಟ್ಟು ಹೋಗುವುದು ತನ್ನಿಂದ ಆದೀತೇ?

ತಡೆದುಕೊಂಡು ಒಂದೇ ಮಾತು ಕೇಳಿದಳು. “ಭಾನುವಾರ ಬಂದು ಅವ್ವಗ ಏನಂತ ಹೇಳ್ತೀರಿ?”

ಅವನ ಮುಖಕ್ಕೆ ಜೀವ ಬಂತು. ಹತ್ತಿರ ಬಂದು ದನಿ ತಗ್ಗಿಸಿದ. “ಅವರಿಗಿ ಹೇಳೂದೇ ಬ್ಯಾಡ್ರಿ, ನೊಂದ್ಕೋತಾರ. ನಾ ನಾಳೆ ಭಾಲ್ಕಿಗಿ ಹೋಗಿ ಆ ಫ್ಯಾನ್ ಬಿಡಿಸ್ಕೊಂಡ್ ಬರ್ತೇನಿ. ಗುಪ್‌ಚುಪ್ ವಿಹಾರದಾಗ ಹಾಕಿ ಬಿಡ್ತೇನಿ. ಯಾರಿಗೂ ಗೊತ್ತೇ ಆಗಂಗಿಲ್ಲ.”

ಅಷ್ಟು ಅಕ್ಕರೆಯಿಂದ ಹೇಳಿದ. ವಿಶಾಖಾ ಆ ಅಕ್ಕರೆಯ ಮುಖವನ್ನೇ ನೋಡಿದಳು. ನಾಳೆ ಮದುವೆಯಾಗಿ, ಮಕ್ಕಳಾಗಿ, ಜಡ್ಡು ಜಾಪತ್ರೆ ಬಂದಾಗಲೂ ಇವನು ಹೀಗೇ ಹತ್ತಿರ ಬಂದು, ಹೀಗೇ ದನಿ ತಗ್ಗಿಸಿ, ಎಲ್ಲ ಸರಿಯಿದೆ ಎನ್ನುತ್ತಾನೆ. ಅವಳು ಪ್ರತಿ ಸಲವೂ ಬೇರೆ ಯಾರನ್ನೋ ಕೇಳಿ ಖಾತ್ರಿ ಮಾಡಿಕೊಳ್ಳಬೇಕಾಗುತ್ತದೆ.

“ಭಾನುವಾರ ಬರಬ್ಯಾಡ್ರಿ,” ಎಂದಳು. “ಅವ್ವಗ ನಾ ಇವತ್ತೇ ಎಲ್ಲಾ ಹೇಳ್ತೇನಿ. ಫ್ಯಾನೂ ನಾನೇ ತರ್ತೇನಿ.”

“ಇದೊಂದಕ್ಕೇ ಬಿಟ್ಟ್ ಹೋಗ್ತೀರೇನ್ರಿ?”

“ಕಂಪನಿಯವ್ರು ಇಲ್ಲ ಅಂದ್ರ ಎರಡ್ ದಿನ ಅತ್ತು ಸುಮ್ಮನಾಗ್ತಿದ್ದೆ. ಇಲ್ಲ ಅನ್ಲಾಕ ಬರದವ್ರು ಹೂಂ ಅಂದ್ರ ನಾ ಹ್ಯಾಂಗ ನಂಬ್ಲಿ?”

ಅವಳು ಬಾಗಿಲವರೆಗೆ ಹೋಗಿ ನಿಂತಳು. ಕಣ್ಣೀರನ್ನು ಅಡಗಿಸಲಿಲ್ಲ, ಅವನ ಕಡೆ ತಿರುಗಿಯೇ ಒರೆಸಿಕೊಂಡಳು.

“ನಾ ಇನ್ನೂ ನಿಮ್ಮನ್ನ ಪ್ರೀತಿ ಮಾಡ್ತೇನ್ರಿ. ಅದೂ ಖರೆ. ಹೇಳದ ಹೋದ್ರ ನಾನೂ ನಿಮ್ಮಂಗೇ ಮಾಡಿದಂಗ ಆಗ್ತದ. ಅದಕ್ಕ ಹೇಳಿ ಹೊಂಟೇನಿ.”