ರಾಣಿ ಪದ್ಮಲೆಯ ಜರಿ ಚಪ್ಪಲಿ

ಬಹಳ ಬಹಳ ಹಿಂದೆ, ಏಳು ಬೆಟ್ಟ ಇಳಿದು ಎಂಟನೆಯದನ್ನು ಹತ್ತಿದರೆ ಕಾಣುತ್ತಿದ್ದ ಹೊನ್ನೇರು ಎಂಬ ರಾಜ್ಯದಲ್ಲಿ ಒಂದು ತೋಟದರಮನೆ ಇತ್ತು. ಅದು ರಾಣಿ ಪದ್ಮಲೆಯ ಮನೆ. ಒಂದು ದಿನ ರಾಣಿ ಅಲ್ಲಿಂದಲೇ ಮಾಯವಾದಳು. ರಾಜ ಚೆನ್ನವೀರ ಊರೂರು ಹುಡುಕಿಸಿ ಸೋತ. ಕೊನೆಗೆ ಡಂಗುರ ಹೊಡೆಸಿದ: "ರಾಣಿ ಹೋದ ದಿನ ಯಾವ ವಸ್ತು ಎಲ್ಲಿ ಹೇಗಿತ್ತೋ ಹಾಗೇ ಇರಬೇಕು. ಅವಳು ಬಂದಾಗ ಅವಳ ಮನೆ ಅವಳಿಗೆ ಗುರುತು ಸಿಗಬೇಕು. ಒಂದು ಸೂಜಿ ಜರುಗಿಸಿದರೂ ಗಡೀಪಾರು!"

ಹೀಗೆ ಆ ಮನೆ ಜನ ಬಂದು ನೋಡುವ ಮನೆಯಾಯಿತು. ಗುಡಿಸಿ, ಒರೆಸಿ, ಕಾಯುತ್ತಿದ್ದವಳು ಕಲ್ಲವ್ವ. ಹಿಂದೆ ಮುಂದೆ ಯಾರೂ ಇಲ್ಲದ ಹೆಂಗಸು. ಆ ಮನೆಯೇ ಅವಳ ತವರು, ಅದೇ ಅತ್ತೆಮನೆ. "ಮುಟ್ಟಬ್ಯಾಡ್ರಿ, ಬರೇ ನೋಡ್ರಿ!" ಎಂದು ದಿನಕ್ಕೆ ನೂರು ಸಲ ಕೂಗುವುದೇ ಅವಳ ಜಪ. ಮಂತ್ರಿಯ ಹೆಂಡತಿ ಒಮ್ಮೆ ರಾಣಿಯ ಪಲ್ಲಂಗದ ಮೇಲೆ ಕೂರಲು ಹೋದಾಗ ಕಸಬರಿಗೆ ಅಡ್ಡ ಹಿಡಿದವಳು ಇವಳೇ. ಇಡೀ ಮನೆಯಲ್ಲಿ ಅವಳ ಮಾತು ಕೇಳದ ವಸ್ತು ಒಂದೇ, ರಾಣಿಯ ಕೋಣೆಯ ನಿಲುಗನ್ನಡಿ. ಎಷ್ಟು ಒರೆಸಿದರೂ ಅದಕ್ಕೆ ಕವಿದ ಮಂಜು ಬಿಡುತ್ತಿರಲಿಲ್ಲ.

ರಾಣಿ ಹೋಗಿ ಹನ್ನೆರಡು ವರ್ಷ ತುಂಬಿದ ದಿನ ರಾಜನೂ ಅಲ್ಲಿಗೆ ಬಂದಿದ್ದ. ಮಟಮಟ ಮಧ್ಯಾಹ್ನ. ಅಂಗಳದಲ್ಲಿ ಬೂದಿಯ ಸುಳಿ ಎದ್ದಿತು. ಅದರೊಳಗಿಂದ ಬೂದಿಗಣ್ಣ ಎಂಬ ಮಾಂತ್ರಿಕ ಇಳಿದ. ಸಿಪಾಯಿಗಳು ಕತ್ತಿ ಹಿರಿದರು. ಕತ್ತಿಗಳೆಲ್ಲ ಕಬ್ಬಿನ ಜಲ್ಲೆಗಳಾದವು! ಒಬ್ಬ ಸಿಪಾಯಿ ಒಂದು ಗಣ್ಣು ಕಚ್ಚಿಯೂ ನೋಡಿದ, ಸಿಹಿಯಾಗಿತ್ತು.

"ಈ ಮನಿ, ಈ ತೋಟ ನನಗ ಬೇಕು," ಎಂದ ಬೂದಿಗಣ್ಣ. "ಕಾಯೋರನ್ನ ಗೆಲ್ಲದ ಹೊರತು ಮನಿ ನನಗ ದಕ್ಕೂದಿಲ್ಲ. ಏ ಕಲ್ಲವ್ವ, ಇಲ್ಲಿ ಏನು ಬದಲಾಗೇತಿ ಅಂತ ಮೂರು ಸಲ ಕೇಳ್ತೀನಿ. ಹೊತ್ತು ಮುಳುಗೂದ್ರಾಗ ಮೂರಕ್ಕೂ ಉತ್ತರ ಹೇಳಿದ್ರ ನಾ ಸೋತೆ. ಒಂದು ತಪ್ಪಿದ್ರೂ ಮನಿ ನಂದು. ಒಳಗಿರೋ ನೀವೆಲ್ಲಾ ನನ್ನ ಗೊಂಬಿಗಳು!"

ಕಲ್ಲವ್ವ ಸೆರಗು ಸೊಂಟಕ್ಕೆ ಸಿಕ್ಕಿಸಿ, "ಕೇಳ್ರಿ," ಎಂದಳು.

"ದೀಪದ ಪಡಸಾಲ್ಯಾಗ ಏನು ಬದಲಾಗೇತಿ?"

ಪಡಸಾಲೆಯಲ್ಲಿ ನೂರು ದೀಪ, ನಲವತ್ತು ಕುರ್ಚಿ. ಕಲ್ಲವ್ವ ಕಣ್ಣಿನಿಂದ ನೋಡುವ ಗೊಡವೆಗೇ ಹೋಗಲಿಲ್ಲ. ಒರೆಸುವ ಬಟ್ಟೆ ತಂದು ದಿನದಂತೆ ಒರೆಸತೊಡಗಿದಳು. ಸಿಂಹಪಾದದ ಕುರ್ಚಿಯ ಮೂರನೇ ಕಾಲಿನ ಮೊಳೆಗೆ ಹನ್ನೆರಡು ವರ್ಷ ತಪ್ಪದೆ ಬಟ್ಟೆ ಸಿಕ್ಕಿಕೊಳ್ಳುತ್ತಿತ್ತು. ಇವತ್ತು ನುಣ್ಣಗೆ ಜಾರಿತು.

"ಇದು ನಮ್ಮ ಕುರ್ಚಿ ಅಲ್ಲ!"

ಕುರ್ಚಿ ಗರ್ಜಿಸಿ ನಿಜವಾದ ಸಿಂಹವಾಗಿ ಎದ್ದಿತು. ಜನ ಚೀರಿದರು. ಕಲ್ಲವ್ವ ಕಸಬರಿಗೆ ಎತ್ತಿ, "ಒರೆಸಿದ ನೆಲದ ಮ್ಯಾಲೆ ಕಾಲಿಟ್ಟೀ ಅಂದ್ರ ನೋಡು!" ಎಂದು ಗದರಿದಳು. ಸಿಂಹ ಪಕ್ಕದ ಕಿಟಕಿ ಹಾರಿ ಓಡಿತು.

"ತೋಟದಾಗ ಏನು ಬದಲಾಗೇತಿ?"

ತೋಟದಲ್ಲಿ ಗಿಡ ಕತ್ತರಿಸಿ ಮಾಡಿದ ಏಳು ಹಸಿರಾನೆಗಳಿದ್ದವು. ಎಲೆಗೆ ಎಲೆ, ಸೊಂಡಿಲಿಗೆ ಸೊಂಡಿಲು, ಏಳೂ ಒಂದೇ. ಕಲ್ಲವ್ವ ಒಳಗೆ ಹೋಗಿ ಗಿಡ ಕತ್ತರಿಸುವ ದೊಡ್ಡ ಕತ್ತರಿ ತಂದಳು, ಕಚಕ್ ಕಚಕ್ ಎನ್ನಿಸುತ್ತ ಸಾಲಿನುದ್ದಕ್ಕೂ ನಡೆದಳು. ಆರು ಆನೆಗಳು ಅಲುಗಲಿಲ್ಲ. ಏಳನೆಯದು ಮೆಲ್ಲಗೆ ಬಾಲ ಮುದುರಿತು!

"ಇದರೀ!" ಎಂದಳು. ಆನೆ ಘೀಳಿಟ್ಟು ಹೊಗೆಯಾಗಿ ಹೋಯಿತು. ಜನ ಕುಣಿದರು, ರಾಜನೂ ಚಪ್ಪಾಳೆ ಹೊಡೆದ.

ಆದರೆ ಬೂದಿಗಣ್ಣ ನಗುತ್ತಿದ್ದ. "ಮೂರನೇದು ಕೇಳು. ರಾಣಿ ಕೋಣ್ಯಾಗ ಒಂದು ವಸ್ತು ಇದ್ದಂಗ ಇಲ್ಲ. ಅದನ್ನ ನಾ ಮುಟ್ಟಿಲ್ಲ. ಯಾವುದು?"

ಎಲ್ಲರೂ ಕೋಣೆಗೆ ನುಗ್ಗಿದರು. ಕಲ್ಲವ್ವ ಮಾತ್ರ ಬಾಗಿಲಲ್ಲೇ ನಿಂತುಬಿಟ್ಟಳು. ಹುಡುಕುವುದೇನೂ ಇರಲಿಲ್ಲ, ಅವಳಿಗೆ ಗೊತ್ತಿತ್ತು. ಬೂದಿಗಣ್ಣನಿಗೂ ಗೊತ್ತಿತ್ತು. ಗಡೀಪಾರಿನ ಭಯಕ್ಕೆ ಇವಳು ಬಾಯಿ ಬಿಡುವುದಿಲ್ಲ ಎಂಬ ಧೈರ್ಯದ ಮೇಲೇ ಅವನು ಪಂಥ ಕಟ್ಟಿದ್ದ. ಹೇಳಿದರೆ ಈ ಮನೆ ಬಿಟ್ಟು ಹೋಗಬೇಕು. ಹೇಳದಿದ್ದರೆ ಮನೆಯೇ ಅವನ ಪಾಲು. ಸೂರ್ಯ ಬೆಟ್ಟದ ನೆತ್ತಿ ಮುಟ್ಟಿದ.

ಕಲ್ಲವ್ವ ರಾಜನ ಕಾಲಿಗೆ ಬಿದ್ದಳು.

"ಬುದ್ಧೀ, ಬದಲ್ ಮಾಡಿದಾಕಿ ನಾನರೀ. ರಾಣಿ ತಾಯಿ ಕಾಣೆಯಾದ ದಿನ ಕಸ ಹೊಡ್ಯಾಕ ಬಂದಿದ್ದೆ. ಕನ್ನಡಿ ಮುಂದ ಅವರ ಜರಿ ಚಪ್ಪಲಿ ಒಂದು ಬೋರಲು ಬಿದ್ದಿತ್ತು. ಚಪ್ಪಲಿ ಬೋರಲು ಬಿದ್ರ ಮನ್ಯಾಗ ಜಗಳ ಆಗ್ತೈತಂತ ನೆಟ್ಟಗ ಮಾಡಿಟ್ಟೆ. ಆಮ್ಯಾಲೆ ಡಂಗುರ ಕೇಳಿ ಹೆದರಿ ಸುಮ್ಮನಾದೆ. ನನ್ನ ಗಡೀಪಾರು ಮಾಡ್ರಿ, ಮನಿ ಉಳೀಲಿ!"

ಹಾಗೆಂದವಳೇ ಎದ್ದು, ಚಪ್ಪಲಿಯನ್ನು ಮೊದಲಿದ್ದಂತೆ ಇಡಲು ಕನ್ನಡಿಯತ್ತ ಓಡಿದಳು. ಬೂದಿಗಣ್ಣನ ನಗು ಇಂಗಿಹೋಯಿತು.

"ಏ, ಮುಟ್ಟಬ್ಯಾಡ!" ಎಂದು ಅವನೇ ಅರಚಿದ.

ಮುಟ್ಟದೆ ಬಿಡುತ್ತಾಳೆಯೇ? ಚಪ್ಪಲಿಯನ್ನು ಬೋರಲು ಹಾಕಿಯೇಬಿಟ್ಟಳು. ಕನ್ನಡಿಯ ಮಂಜು ಸರ್ರನೆ ಹರಿಯಿತು. ಒಳಗಿಂದ ರಾಣಿ ಪದ್ಮಲೆ ಬರಿಗಾಲಲ್ಲಿ ಹೊರಗೆ ಬಂದಳು! ಬೂದಿಗಣ್ಣ ಹಿಡಿ ಬೂದಿಯಾಗಿ ನೆಲಕ್ಕೆ ಸುರಿದ. ಸಿಪಾಯಿಗಳ ಕಬ್ಬು ಮತ್ತೆ ಕತ್ತಿಯಾಯಿತು, ಕಚ್ಚಿದ್ದವನ ಕತ್ತಿ ಮಾತ್ರ ಒಂದು ಗೇಣು ಗಿಡ್ಡವಾಗಿತ್ತು.

"ಇವನು ನನ್ನನ್ನ ಕನ್ನಡಿಯೊಳಗ ಎಳೆಯುವಾಗ ಚಪ್ಪಲಿ ಬೋರಲು ಹಾಕಿ ಆಣೆ ಇಟ್ಟಿದ್ದೆ. ಅದು ಬೋರಲು ಇರೋತನಕ ಇವನ ಮಾಯೆ ನಡೀಬಾರದು ಅಂತ," ಎಂದಳು ರಾಣಿ. "ಇನ್ನೇನು ಹೊರಗ ಕಾಲಿಡಬೇಕು, ಅಷ್ಟರಾಗ ಯಾರೋ ನೆಟ್ಟಗ ಇಟ್ಟರು!"

ಕಲ್ಲವ್ವ ಬಿಕ್ಕಿ ಬಿಕ್ಕಿ ಅತ್ತಳು. "ಹನ್ನೆರಡು ವರ್ಷ, ನನ್ನವ್ವಾ! ನನ್ನಿಂದ!"

"ಹನ್ನೆರಡು ವರ್ಷ ದಿನಾ ನನ್ನ ಮುಖ ಒರೆಸಿದಾಕಿನೂ ನೀನ," ಎಂದು ರಾಣಿ ಅವಳ ಕಣ್ಣೊರೆಸಿದಳು. ರಾಜ ಸಂತೋಷದಿಂದ, ಗಡೀಪಾರು ಬೇಡ ಎಂದು ತಲೆಯಲ್ಲಾಡಿಸಿದ. ದಣಿದಿದ್ದ ರಾಣಿ ಪಲ್ಲಂಗದ ಮೇಲೆ ಕೂರಲು ಹೋದಳು.

"ಮುಟ್ಟಬ್ಯಾಡ್ರಿ!" ಎಂದು ಕಲ್ಲವ್ವ ಕಸಬರಿಗೆ ಅಡ್ಡ ಹಿಡಿದೇಬಿಟ್ಟಳು. ಮರುಗಳಿಗೆ ನಾಲಿಗೆ ಕಚ್ಚಿಕೊಂಡಳು. ಮನೆಯೆಲ್ಲ ನಕ್ಕಿತು, ಎಲ್ಲರಿಗಿಂತ ಜೋರಾಗಿ ನಕ್ಕವಳು ರಾಣಿ.

ಆಮೇಲೂ ಜನ ಆ ಮನೆ, ತೋಟ ನೋಡಲು ಬರುತ್ತಲೇ ಇದ್ದರು. ರಾಣಿ, ಕಲ್ಲವ್ವ ಕೂಡಿಯೇ ತೋರಿಸುತ್ತಿದ್ದರು. ಕುರ್ಚಿಯಲ್ಲಿ ಕೂರಬಹುದಿತ್ತು, ದೀಪ ಹಚ್ಚಬಹುದಿತ್ತು. ಕನ್ನಡಿಯ ಮುಂದಿನ ಬೋರಲು ಚಪ್ಪಲಿಯನ್ನು ಮಾತ್ರ ಯಾರೂ ಮುಟ್ಟುವಂತಿರಲಿಲ್ಲ. ಹೊನ್ನೇರಿನವರು ಉಂಡು ನಕ್ಕು ಸುಖವಾಗಿದ್ದರು.